ಟಿಕೆಟ್ಟು ಕಳೆದರೆ ಹಕ್ಕೂ ಕಳೆಯುವುದೇ?

ಶಿವಮೊಗ್ಗೆಯಿಂದ ತಾಳಗುಪ್ಪದವರೆಗೆ ಹಾಯ್ದಿರುವ ರೈಲುದಾರಿಯಷ್ಟು ಮನೋಹರವಾದ ದಾರಿಗಳು ಕರ್ನಾಟಕದಲ್ಲಿ ಹೆಚ್ಚಾಗಿಲ್ಲ. ಕುಂಸಿಯನ್ನು ದಾಟುತ್ತಿದ್ದಂತೆಯೇ ಮಲೆನಾಡಿನ ಕಾಡು ಎರಡು ಕಡೆಗಳಿಂದಲೂ ಹಳಿಯ ಸಮೀಪಕ್ಕೆ ಸರಿದು ಬರುತ್ತದೆ. ಮುಂದೆ ಅರಸಾಳು, ಕೆಂಚನಾಲ, ಆನಂದಪುರ. ಆ ಬಳಿಕ ಸಾಗರ. ಕೊನೆಗೆ ಜೋಗದ ನೆರೆಯ ತಾಳಗುಪ್ಪ. ಹೊಸನಗರ ತಾಲ್ಲೂಕಿಗೆ ಸೇರಿದ ಅರಸಾಳು ನಿಲ್ದಾಣವನ್ನು ಕನ್ನಡಿಗರಷ್ಟೇ ಅಲ್ಲ, ಭಾರತವೆಲ್ಲವೂ ನೋಡಿದೆ. ಆರ್. ಕೆ. ನಾರಾಯಣರ ಕಥೆಗಳನ್ನು ಶಂಕರ್ ನಾಗ್ ಅವರು ದೂರದರ್ಶನಕ್ಕೆ ಅಳವಡಿಸಿದಾಗ ಮಾಲ್ಗುಡಿಯ ರೈಲುನಿಲ್ದಾಣವಾಗಿ ಮೆರೆದದ್ದು ಇದೇ ಪುಟ್ಟ ಕಟ್ಟಡ. 2020ರಿಂದ ಅದು ಮಾಲ್ಗುಡಿ ವಸ್ತುಸಂಗ್ರಹಾಲಯವಾಗಿ ಪ್ರವಾಸಿಗರನ್ನು ಕರೆಯುತ್ತಿದೆ.

ಹೊಸನಗರ ಪಟ್ಟಣಕ್ಕಾಗಲಿ ತೀರ್ಥಹಳ್ಳಿ ಪಟ್ಟಣಕ್ಕಾಗಲಿ ರೈಲು ಬಂದಿಲ್ಲ. ಆದರೂ ಈ ಎರಡು ತಾಲ್ಲೂಕುಗಳ ಜನ ರೈಲಿನ ಋಣದಿಂದ ಹೊರಗುಳಿದವರಲ್ಲ. ಓದಿಗಾಗಿ, ಉದ್ಯೋಗಕ್ಕಾಗಿ, ಆಸ್ಪತ್ರೆಗಾಗಿ ಬೆಂಗಳೂರು ಮೈಸೂರುಗಳಿಗೆ ಹೊರಟವರು ಬಸ್ಸಿನಲ್ಲಿ ಅರಸಾಳಿಗೋ ಸಾಗರಕ್ಕೋ ಶಿವಮೊಗ್ಗೆಗೋ ಬಂದು ರೈಲು ಹಿಡಿಯುತ್ತಾರೆ. ಘಟ್ಟ ಇಳಿದು ಕುಂದಾಪುರ, ಉಡುಪಿಗಳಲ್ಲಿ ಕೊಂಕಣ ರೈಲನ್ನು ಏರುವವರೂ ಉಂಟು. ಹಬ್ಬದ ಹಿಂದುಮುಂದಿನ ದಿನಗಳಲ್ಲಂತೂ ಕಾದಿರಿಸದ ಸಾಮಾನ್ಯ ಬೋಗಿಯ ಬಾಗಿಲಲ್ಲಿ ಕಾಲೂರಲು ಎಡೆಯಿರುವುದಿಲ್ಲ. ಅಂತಹ ಬೋಗಿಯಲ್ಲಿ ನೇತಾಡುತ್ತ ನಿಂತ ಮನುಷ್ಯನ ಅಂಗಿಯ ಜೇಬಿನಲ್ಲಿ ಒಂದು ತೆಳ್ಳನೆಯ ಚೀಟಿಯಿರುತ್ತದೆ. ಊರು ತಲುಪಿದೊಡನೆ ಹರಿದೆಸೆಯುವ ಆ ಚೀಟಿಗೆ ಊರು ತಲುಪದೆ ಹೋದಾಗ ಎಂತಹ ಬೆಲೆ ಬರುತ್ತದೆಂಬುದನ್ನು ಬಲ್ಲವರು ವಿರಳ.

ಒಂದು ನಿದರ್ಶನ

ಓದುಗರು ಹೀಗೊಂದು ಸಂದರ್ಭವನ್ನು ಕಲ್ಪಿಸಿಕೊಳ್ಳಲಿ. ಹೊಸನಗರದ ಕಡೆಯ ಹಳ್ಳಿಯೊಂದರ ತರುಣ; ಬೆಂಗಳೂರಿನ ಹೋಟೆಲೊಂದರಲ್ಲಿ ಕೆಲಸ. ದೀಪಾವಳಿಗೆ ಬಂದವನು ಹಬ್ಬ ಮುಗಿಸಿ, ಹೆಂಡತಿಗೂ ಎರಡು ಮಕ್ಕಳಿಗೂ ಹೇಳಿ ಹೊರಡುತ್ತಾನೆ. ತಮ್ಮನೊಬ್ಬ ಸಾಗರದ ನಿಲ್ದಾಣದವರೆಗೆ ಬಂದು, ಟಿಕೆಟ್ಟು ಕೊಳ್ಳುವವರೆಗೂ ಜೊತೆಯಲ್ಲಿದ್ದು ಹಿಂದಿರುಗುತ್ತಾನೆ. ರಾತ್ರಿಯ ರೈಲು, ಬೋಗಿಯಲ್ಲಿ ತುಂಬಿದ ಜನ, ತರುಣನಿಗೆ ಬಾಗಿಲ ಬಳಿ ಸ್ಥಳ. ಅರಸಾಳಿಗೂ ಕುಂಸಿಗೂ ನಡುವೆ ಎಲ್ಲಿಯೋ ಒಂದು ಕುಲುಕು, ಒಂದು ತಳ್ಳಾಟ. ಬಿದ್ದದ್ದನ್ನು ಕಂಡವರು ಒಬ್ಬಿಬ್ಬರಿರಬಹುದು. ಅವರು ಮುಂದಿನ ನಿಲ್ದಾಣದಲ್ಲಿ ಇಳಿದು ತಮ್ಮ ದಾರಿ ಹಿಡಿದಿರುತ್ತಾರೆ. ಬೆಳಿಗ್ಗೆ ಹಳಿಯನ್ನು ಪರೀಕ್ಷಿಸುತ್ತ ಬಂದ ರೈಲ್ವೆ ಕೆಲಸಗಾರನಿಗೆ ಶವ ಕಾಣಿಸುತ್ತದೆ. ಪೊಲೀಸರು ಬರುತ್ತಾರೆ, ಪಂಚನಾಮೆ ನಡೆಯುತ್ತದೆ. ಜೇಬಿನಲ್ಲಿ ಇದ್ದ ವಸ್ತುಗಳ ಪಟ್ಟಿಯಲ್ಲಿ ಒಂದು ಕರವಸ್ತ್ರ, ಸ್ವಲ್ಪ ಹಣ, ಒಡೆದ ಮೊಬೈಲು. ಟಿಕೆಟ್ಟು ಇಲ್ಲ. ಬೀಳುವಾಗ ಹಾರಿಹೋಯಿತೋ, ರಾತ್ರಿಯ ಇಬ್ಬನಿಯಲ್ಲಿ ನೆನೆದು ಕರಗಿತೋ, ಜೊತೆಗಿದ್ದ ಚೀಲದಲ್ಲಿಯೇ ಉಳಿದು ರೈಲಿನೊಡನೆ ಬೆಂಗಳೂರಿಗೆ ಹೋಯಿತೋ, ಹೇಳುವವರಿಲ್ಲ.

ಕೆಲವು ತಿಂಗಳ ಮೇಲೆ ಆ ಹೆಂಡತಿ ಪರಿಹಾರಕ್ಕಾಗಿ ಅರ್ಜಿ ಹಾಕುತ್ತಾಳೆ. ರೈಲ್ವೆಯ ಪರವಾಗಿ ಬರುವ ಮೊದಲ ಪ್ರಶ್ನೆ ಒಂದೇ: “ಈತ ಪ್ರಯಾಣಿಕನೆಂಬುದಕ್ಕೆ ಆಧಾರವೇನು?”

ಈ ನಿದರ್ಶನ ಕಲ್ಪಿತ. ಆದರೆ ಇಂತಹ ಪ್ರಶ್ನೆ ದೇಶದ ಉದ್ದಗಲಕ್ಕೂ ಅದೆಷ್ಟೋ ಸಂಸಾರಗಳ ಮುಂದೆ ಬಂದು ನಿಂತಿದೆ. ಮನೆಯ ಯಜಮಾನ ಮನೆ ಬಿಟ್ಟು ರೈಲೇರಿದ್ದು ಮನೆಯವರಿಗೆ ಹಗಲಿನಷ್ಟು ನಿಚ್ಚಳ. ಆ ನಿಚ್ಚಳವನ್ನು ನ್ಯಾಯಾಲಯದ ಭಾಷೆಗೆ ತರುವುದು ಹೇಗೆ ಎಂಬುದೇ ಇಲ್ಲಿಯ ಸಮಸ್ಯೆ.

ಕಾನೂನು ನಡೆದುಬಂದ ದಾರಿ

ಬ್ರಿಟಿಷರ ಕಾಲದ 1890ರ ರೈಲ್ವೆ ಕಾಯಿದೆಯಲ್ಲಿ ಮೊದಲು ಇಂತಹ ಪರಿಹಾರಕ್ಕೆ ಪ್ರತ್ಯೇಕ ಏರ್ಪಾಡಿರಲಿಲ್ಲ. ನೊಂದವರು ಸಿವಿಲ್ ಕೋರ್ಟಿಗೆ ಹೋಗಿ ರೈಲ್ವೆಯ ಅಲಕ್ಷ್ಯವನ್ನು ಸಾಧಿಸಿ ತೋರಿಸಬೇಕಾಗಿತ್ತು. 1943ರಲ್ಲಿ ಆ ಕಾಯಿದೆಗೆ 82-ಎ ಎಂಬ ಕಲಮನ್ನು ಸೇರಿಸಿ, ರೈಲುಗಳು ಡಿಕ್ಕಿಯಾದಾಗ, ಹಳಿ ತಪ್ಪಿದಾಗ, ತಪ್ಪು ಯಾರದೆಂದು ವಿಚಾರಿಸದೆಯೇ ಪರಿಹಾರ ಕೊಡತಕ್ಕದ್ದೆಂದು ವಿಧಿಸಲಾಯಿತು. ಆಗಿನ ಮೇಲ್ಮಿತಿ ಒಬ್ಬರಿಗೆ 10,000 ರೂಪಾಯಿ.

ಆದರೆ ಅದು ರೈಲಿಗೇ ಅಪಘಾತವಾದಾಗಿನ ಮಾತು. ರೈಲು ಸುಖವಾಗಿ ಊರು ಸೇರಿ, ಪ್ರಯಾಣಿಕನೊಬ್ಬ ಮಾತ್ರ ದಾರಿಯಲ್ಲಿ ಬಿದ್ದು ಸತ್ತರೆ? ಅದಕ್ಕೆ ಈ ಕಲಮಿನಲ್ಲಿ ಉತ್ತರವಿರಲಿಲ್ಲ. 1989ರ ಹೊಸ ರೈಲ್ವೆ ಕಾಯಿದೆಗೆ 1994ರಲ್ಲಿ ತಿದ್ದುಪಡಿಯಾಗಿ 124-ಎ ಎಂಬ ಕಲಮು ಸೇರಿದ ಮೇಲೆ ಆ ಕೊರತೆ ನೀಗಿತು. ಆ ವರ್ಷದ ಆಗಸ್ಟ್ 1ರಿಂದ ಜಾರಿಗೆ ಬಂದ ಈ ಏರ್ಪಾಡು “ಅಹಿತಕರ ಘಟನೆ” ಎಂಬ ಹೊಸ ಮಾತೊಂದನ್ನು ತಂದಿತು. ಪ್ರಯಾಣಿಕರ ರೈಲಿನಿಂದ ಆಕಸ್ಮಿಕವಾಗಿ ಬೀಳುವುದು ಅಹಿತಕರ ಘಟನೆ. ರೈಲಿನಲ್ಲಾಗಲಿ, ನಿಲ್ದಾಣದ ಆವರಣ, ನಿರೀಕ್ಷಣಾಲಯ, ಪ್ಲಾಟ್‌ಫಾರಂ, ಟಿಕೆಟ್ಟಿನ ಕಚೇರಿ ಮೊದಲಾದ ಸ್ಥಳಗಳಲ್ಲಾಗಲಿ ನಡೆಯುವ ದರೋಡೆ, ದೊಂಬಿ, ಗುಂಡಿನ ದಾಳಿ, ಬೆಂಕಿಯಿಡುವುದು, ಭಯೋತ್ಪಾದಕರ ಕೃತ್ಯ ಇವೆಲ್ಲವೂ ಅಹಿತಕರ ಘಟನೆಗಳೇ. ಇವುಗಳಲ್ಲಿ ಸತ್ತ ಅಥವಾ ಗಾಯಗೊಂಡ ಪ್ರಯಾಣಿಕನಿಗೆ, ರೈಲ್ವೆಯ ಕಡೆಯಿಂದ ತಪ್ಪು ನಡೆದಿರಲಿ ಬಿಡಲಿ, ಪರಿಹಾರ ಸಲ್ಲಬೇಕು.

ಇದಕ್ಕೆ ಐದು ಅಪವಾದಗಳುಂಟು: ಆತ್ಮಹತ್ಯೆ ಅಥವಾ ಅದರ ಪ್ರಯತ್ನ, ತಾನೇ ತನಗೆ ಮಾಡಿಕೊಂಡ ಗಾಯ, ತನ್ನದೇ ಅಪರಾಧಕೃತ್ಯ, ಮದ್ಯದ ಅಮಲಿನಲ್ಲಿ ಅಥವಾ ಬುದ್ಧಿಭ್ರಮಣೆಯಲ್ಲಿ ಮಾಡಿದ ಕೃತ್ಯ, ಸಹಜ ಕಾರಣ ಅಥವಾ ರೋಗ. ಇವುಗಳಿಂದ ಮರಣ ಸಂಭವಿಸಿದರೆ ರೈಲ್ವೆ ಹೊಣೆಯಾಗದು.

ಮೊತ್ತವೂ ಕಾಲಕ್ಕೆ ತಕ್ಕಂತೆ ಏರಿದೆ. 1997ರ ನವೆಂಬರಿನಿಂದ ಮರಣಕ್ಕೆ 4 ಲಕ್ಷ ರೂಪಾಯಿ ಇದ್ದುದು 2017ರ ಜನವರಿ 1ರಿಂದ 8 ಲಕ್ಷ ರೂಪಾಯಿಯಾಗಿದೆ. ಅಂಗಹಾನಿಗೆ ಗಾಯದ ಸ್ವರೂಪವನ್ನು ನೋಡಿ ನಿಯಮಗಳ ಪಟ್ಟಿಯಲ್ಲಿ ಹೇಳಿರುವಷ್ಟು. ಇದಕ್ಕೂ, ಅಪಘಾತವಾದ ಕೂಡಲೇ ಮಂತ್ರಿಗಳು ಸಾರುವ ಅನುಗ್ರಹಧನಕ್ಕೂ ವ್ಯತ್ಯಾಸವಿದೆಯೆಂಬುದನ್ನು ಮನೆಯವರು ತಿಳಿದಿರಬೇಕು. ಅನುಗ್ರಹಧನ ಸರಕಾರದ ಸಹಾನುಭೂತಿ. ಪರಿಹಾರ ಪ್ರಜೆಯ ಹಕ್ಕು. ಒಂದನ್ನು ಪಡೆದವರು ಇನ್ನೊಂದನ್ನು ಕೇಳಬಾರದೆಂದು ಯಾರಾದರೂ ಹೇಳಿದರೆ ನಂಬಬೇಕಾಗಿಲ್ಲ.

ಪ್ರಯಾಣಿಕ ಯಾರು?

ಕಾಯಿದೆಯ ಕಣ್ಣಿನಲ್ಲಿ ಪ್ರಯಾಣ ಹೊರಟವರೆಲ್ಲ ಪ್ರಯಾಣಿಕರಲ್ಲ. ಸಿಂಧುವಾದ ಪಾಸು ಅಥವಾ ಟಿಕೆಟ್ಟಿನೊಡನೆ ಪ್ರಯಾಣ ಮಾಡುವವನೇ ಪ್ರಯಾಣಿಕನೆಂದು 1989ರ ಕಾಯಿದೆ ಅರ್ಥ ಹೇಳಿದೆ. 124-ಎ ಕಲಮು ಇದನ್ನು ಸ್ವಲ್ಪ ವಿಸ್ತರಿಸಿ, ಕರ್ತವ್ಯದ ಮೇಲಿರುವ ರೈಲ್ವೆ ನೌಕರನನ್ನೂ, ಸಿಂಧುವಾದ ಪ್ಲಾಟ್‌ಫಾರಂ ಟಿಕೆಟ್ಟು ಪಡೆದವನನ್ನೂ ಒಳಗೆ ಸೇರಿಸಿಕೊಂಡಿದೆ. ಮಗಳನ್ನು ರೈಲು ಹತ್ತಿಸಲು ಬಂದ ತಂದೆ ಪ್ಲಾಟ್‌ಫಾರಂ ಟಿಕೆಟ್ಟು ಕೊಳ್ಳುವುದು ದಂಡದಿಂದ ಪಾರಾಗುವುದಕ್ಕೆ ಮಾತ್ರವೆಂದು ಭಾವಿಸುವುದು ಸಾಮಾನ್ಯ. ಅದು ಆತನಿಗೊಂದು ರಕ್ಷೆಯೂ ಹೌದು.

ಟಿಕೆಟ್ಟು ಎಂಬ ವಸ್ತುವಿನ ಚರಿತ್ರೆಯೂ ಸ್ವಾರಸ್ಯವಾಗಿದೆ. ಕ್ರಮಸಂಖ್ಯೆಯನ್ನೂ ತಾರೀಕನ್ನೂ ಹೊತ್ತ ದಪ್ಪ ರಟ್ಟಿನ ಟಿಕೆಟ್ಟನ್ನು ಕಂಡುಹಿಡಿದವನು ಇಂಗ್ಲೆಂಡಿನ ಥಾಮಸ್ ಎಡ್ಮಂಡ್‌ಸನ್. ಕಾಲ ಹತ್ತೊಂಬತ್ತನೆಯ ಶತಮಾನದ ಮೂವತ್ತರ ದಶಕ. ಮರಗೆಲಸ ಬಲ್ಲವನಾಗಿದ್ದ ಆತ ಸ್ಟೇಷನ್ ಮಾಸ್ತರನಾಗಿದ್ದಾಗ ಲೆಕ್ಕ ತಪ್ಪಬಾರದೆಂದು ಈ ಉಪಾಯ ಹೂಡಿದ. ಭಾರತದಲ್ಲಿ ತಲೆಮಾರುಗಳ ಕಾಲ ಬಳಕೆಯಲ್ಲಿದ್ದ ಆ ರಟ್ಟು ಮರೆಯಾಗಿ ಗಣಕಯಂತ್ರದ ತೆಳುಗಾಗದ ಬಂತು. ಈಗ ಮೊಬೈಲಿನ ಪರದೆಯ ಮೇಲೂ ಟಿಕೆಟ್ಟು ಮೂಡುತ್ತದೆ. ರೂಪ ಯಾವುದಾದರೂ ಅದರ ಹುಟ್ಟು ಹಣದ ಲೆಕ್ಕಕ್ಕಾಗಿ. ಮನುಷ್ಯನ ಗುರುತಿಗಾಗಿ ಅದು ಹುಟ್ಟಿದ್ದಲ್ಲ. ಕಾದಿರಿಸಿದ ಬೋಗಿಯಲ್ಲಿ ಹೆಸರಿನ ಪಟ್ಟಿಯಿರುತ್ತದೆ. ಸಾಮಾನ್ಯ ಬೋಗಿಯ ಟಿಕೆಟ್ಟಿನಲ್ಲಿ ಹೆಸರಿಲ್ಲ. ಅಲ್ಲಿ ಕುಳಿತವರು ರೈಲ್ವೆಯ ಲೆಕ್ಕದಲ್ಲಿ ಬರಿಯ ಸಂಖ್ಯೆ. ಬಡವರು ಹೆಚ್ಚಾಗಿ ಹತ್ತುವುದು ಆ ಬೋಗಿಯನ್ನೇ. ಬಾಗಿಲಲ್ಲಿ ನಿಲ್ಲಬೇಕಾಗುವುದೂ ಅಲ್ಲಿಯೇ. ಹೀಗಾಗಿ ಪರಿಹಾರದ ಅಗತ್ಯ ಅತ್ಯಧಿಕವಾಗಿರುವವರಿಗೇ ಆಧಾರ ಅತ್ಯಲ್ಪವಾಗಿರುತ್ತದೆ.

ದೊಡ್ಡ ದುರಂತಗಳಲ್ಲಿ ಈ ಸಂಗತಿ ಇನ್ನೂ ಕರುಣಾಜನಕವಾಗಿ ಎದ್ದು ತೋರುತ್ತದೆ. 2012ರ ಮೇ 22ರ ಬೆಳಗಿನ ಜಾವ ಹುಬ್ಬಳ್ಳಿಯ ಕಡೆಯಿಂದ ಬೆಂಗಳೂರಿಗೆ ಬರುತ್ತಿದ್ದ ಹಂಪಿ ಎಕ್ಸ್‌ಪ್ರೆಸ್ ಪೆನುಕೊಂಡೆಯಲ್ಲಿ ನಿಂತಿದ್ದ ಗೂಡ್ಸ್ ಗಾಡಿಗೆ ಡಿಕ್ಕಿ ಹೊಡೆಯಿತು. ಮುಂಭಾಗದ ಬೋಗಿಗೆ ಬೆಂಕಿ ಹತ್ತಿ ಇಪ್ಪತ್ತಕ್ಕೂ ಹೆಚ್ಚು ಜನ ಅಸುನೀಗಿದರು. 2023ರ ಜೂನ್ 2ರಂದು ಒಡಿಶಾದ ಬಾಲಸೋರ್ ಜಿಲ್ಲೆಯಲ್ಲಿ ನಡೆದ ದುರಂತದಲ್ಲಿ ಸಿಕ್ಕಿದ ರೈಲುಗಳಲ್ಲಿ ಬೆಂಗಳೂರಿನಿಂದ ಹೌರಾಕ್ಕೆ ಹೊರಟಿದ್ದ ರೈಲೂ ಒಂದು. ಸತ್ತವರು 290ಕ್ಕೂ ಹೆಚ್ಚು. ಹೆಸರಿನ ಪಟ್ಟಿಯೇ ಇಲ್ಲದ ಬೋಗಿಗಳಲ್ಲಿ ಹೊರಟವರ ಗುರುತು ಹಿಡಿಯಲು ಡಿ.ಎನ್.ಎ. ಪರೀಕ್ಷೆಯ ಮೊರೆ ಹೊಗಬೇಕಾಯಿತು. ಆಗ ರೈಲ್ವೆಯವರು ಟಿಕೆಟ್ಟು ಇದ್ದವರು ಇಲ್ಲದವರೆಂಬ ಭೇದವಿಲ್ಲದೆ ಹಣ ಕೊಡುವುದಾಗಿ ತಿಳಿಸಿದರು. ನೂರಾರು ಜನ ಒಟ್ಟಿಗೆ ಸತ್ತಾಗ ದೇಶದ ಕಣ್ಣು ಅಲ್ಲಿರುತ್ತದೆ. ಕಾಡಿನ ನಡುವೆ ಒಬ್ಬನೇ ಬಿದ್ದು ಸತ್ತಾಗ ಅವನ ಕಡೆಗೆ ನೋಡುವವರು ಅವನ ಮನೆಯವರು ಮಾತ್ರ.

ಲಿಖಿತ, ಭುಕ್ತಿ, ಸಾಕ್ಷಿ

ಆಧಾರವಿಲ್ಲದೆ ಹಣ ಕೊಡಲು ಆಗದೆಂಬ ರೈಲ್ವೆಯ ವಾದವೇನೂ ಅನ್ಯಾಯದ್ದಲ್ಲ. ಖಜಾನೆ ಎಲ್ಲರಿಗೂ ಸೇರಿದ್ದು. ಹಳಿಯನ್ನು ದಾಟುವಾಗ ರೈಲಿಗೆ ಸಿಕ್ಕಿದವರು, ಬದುಕು ಬೇಸತ್ತು ಹಳಿಗೆ ತಲೆಕೊಟ್ಟವರು ಪ್ರಯಾಣಿಕರಲ್ಲ. ಅಂತಹ ಸಾವನ್ನೂ ರೈಲಿನಿಂದ ಬಿದ್ದ ಸಾವೆಂದು ತೋರಿಸಿ ಹಣ ಕೇಳಿದ ಪ್ರಸಂಗಗಳು ಉಂಟು. ಸುಳ್ಳನ್ನು ಸೋಸಿ ತೆಗೆಯಲು ಜರಡಿ ಬೇಕು, ಸರಿ. ಆದರೆ ಆ ಜರಡಿಯಲ್ಲಿ ನಿಜವೇ ಸೋರಿಹೋಗಬಾರದು.

ಕನ್ನಡನಾಡಿಗೆ ಈ ಸಮಸ್ಯೆ ಹೊಸತಲ್ಲ. ಕಲ್ಯಾಣದ ಚಾಲುಕ್ಯ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ ವಿಜ್ಞಾನೇಶ್ವರನು ಯಾಜ್ಞವಲ್ಕ್ಯಸ್ಮೃತಿಗೆ ಬರೆದ ಮಿತಾಕ್ಷರಾ ವ್ಯಾಖ್ಯಾನ ಭಾರತದ ಬಹುಭಾಗಕ್ಕೆ ನ್ಯಾಯಗ್ರಂಥವಾಯಿತು. ಮನುಷ್ಯರ ವ್ಯವಹಾರಕ್ಕೆ ಅಲ್ಲಿ ಹೇಳಿರುವ ಪ್ರಮಾಣಗಳು ಮೂರು: ಬರವಣಿಗೆಯ ಆಧಾರವಾದ ಲಿಖಿತ, ಅನುಭೋಗದ ಆಧಾರವಾದ ಭುಕ್ತಿ, ಕಂಡವರ ಮಾತಾದ ಸಾಕ್ಷಿ. ಬರವಣಿಗೆ ಇಲ್ಲವೆಂದ ಮಾತ್ರಕ್ಕೆ ವ್ಯವಹಾರವೇ ನಡೆದಿಲ್ಲವೆಂದು ಆ ಹಿರಿಯರು ತೀರ್ಮಾನಿಸಲಿಲ್ಲ. ಟಿಕೆಟ್ಟು ಲಿಖಿತ, ಅದು ಕೈತಪ್ಪಿದಾಗ ಉಳಿದ ಪ್ರಮಾಣಗಳನ್ನು ಅರಸಬೇಕು. ಒಂಬೈನೂರು ವರ್ಷಗಳ ಅನಂತರ ದೆಹಲಿಯ ನ್ಯಾಯಪೀಠ ಹೆಚ್ಚುಕಡಿಮೆ ಇದೇ ವಿವೇಕಕ್ಕೆ ಬಂದು ನಿಂತಿತು.

2018ರ ತೀರ್ಪು

ಬಹುಕಾಲ ಈ ವಿಷಯದಲ್ಲಿ ಒಂದೊಂದು ಹೈಕೋರ್ಟು ಒಂದೊಂದು ದಾರಿ ಹಿಡಿದಿತ್ತು. ಹಳಿಯ ಬಳಿ ಶವ ಸಿಕ್ಕಿತೆಂದರೆ ಪ್ರಯಾಣಿಕನೆಂದೇ ಭಾವಿಸಬೇಕು, ಅಲ್ಲವೆಂದು ತೋರಿಸುವುದು ರೈಲ್ವೆಯ ಹೊಣೆ ಎಂದು ಕೆಲವು ಕಡೆ. ಟಿಕೆಟ್ಟನ್ನು ಹಾಜರುಪಡಿಸುವುದು ಅರ್ಜಿದಾರರ ಹೊಣೆ ಎಂದು ಇನ್ನು ಕೆಲವು ಕಡೆ. ಬಿಹಾರದಿಂದ ಬಂದ ಒಂದು ಪ್ರಕರಣದಲ್ಲಿ ಈ ಗೊಂದಲಕ್ಕೆ ತೆರೆಬಿತ್ತು. ಮನುಷ್ಯ ಸತ್ತದ್ದು 2002ರಲ್ಲಿ. ನ್ಯಾಯಮಂಡಳಿ ಪರಿಹಾರಕ್ಕೆ ಒಪ್ಪಲಿಲ್ಲ. ಪಟ್ನಾ ಹೈಕೋರ್ಟು ಒಪ್ಪಿತು. ಕೇಂದ್ರ ಸರಕಾರ ಸುಪ್ರೀಂ ಕೋರ್ಟಿಗೆ ಮೇಲ್ಮನವಿ ಸಲ್ಲಿಸಿತು. ನ್ಯಾಯಮೂರ್ತಿ ಆದರ್ಶ ಕುಮಾರ್ ಗೋಯಲ್ ಮತ್ತು ನ್ಯಾಯಮೂರ್ತಿ ರೋಹಿಂಟನ್ ನಾರಿಮನ್ ಅವರ ಪೀಠ ತೀರ್ಪು ಕೊಟ್ಟದ್ದು 2018ರ ಮೇ 9ರಂದು. ಸಾವಿಗೂ ಕೊನೆಯ ಮಾತಿಗೂ ನಡುವೆ ಹದಿನಾರು ವರ್ಷ ಸಂದಿತ್ತು!

ಆ ತೀರ್ಪಿನ ಸಾರ ಇದು. ಹಳಿಯ ಮೇಲೋ ರೈಲ್ವೆಯ ಆವರಣದಲ್ಲೋ ಶವ ಇದ್ದಿತೆಂಬ ಒಂದೇ ಕಾರಣಕ್ಕೆ ಆತ ಪ್ರಯಾಣಿಕನೆಂದು ಹೇಳಲಾಗದು. ಅದರಂತೆಯೇ, ಶವದ ಬಳಿ ಟಿಕೆಟ್ಟು ಇರಲಿಲ್ಲವೆಂಬ ಒಂದೇ ಕಾರಣಕ್ಕೆ ಆತ ಪ್ರಯಾಣಿಕನಲ್ಲವೆಂದೂ ಹೇಳಲಾಗದು. ಮೊದಲ ಹೊಣೆ ಅರ್ಜಿದಾರರದು. ಆದರೆ ಸಂಬಂಧಪಟ್ಟ ಸಂಗತಿಗಳನ್ನು ಪ್ರಮಾಣಪತ್ರದ ಮೂಲಕ ಹೇಳಿದರೆ ಆ ಹೊಣೆ ಕಳೆಯುತ್ತದೆ. ಆಮೇಲೆ ಭಾರ ರೈಲ್ವೆಯ ಹೆಗಲಿಗೆ ಹೋಗುತ್ತದೆ. ಮುಂದಿನ ತೀರ್ಮಾನ ಆಯಾ ಪ್ರಕರಣದ ಸಂಗತಿಗಳನ್ನೂ ಸುತ್ತಣ ಸಂದರ್ಭಗಳನ್ನೂ ಅವಲಂಬಿಸಿರುತ್ತದೆ.

ಅದೇ ತೀರ್ಪಿನಲ್ಲಿ ಇನ್ನೂ ಕೆಲವು ಮುಖ್ಯ ಮಾತುಗಳಿವೆ. ಹತ್ತುವಾಗ ಅಥವಾ ಇಳಿಯುವಾಗ ಬಿದ್ದದ್ದೂ ಅಹಿತಕರ ಘಟನೆಯೇ. ಅಲಕ್ಷ್ಯವನ್ನು “ತಾನೇ ಮಾಡಿಕೊಂಡ ಗಾಯ” ಎನ್ನಲಾಗದು; ಗಾಯ ಮಾಡಿಕೊಳ್ಳಬೇಕೆಂಬ ಉದ್ದೇಶವಿದ್ದರೆ ಮಾತ್ರ ಆ ಅಪವಾದ ಅನ್ವಯಿಸುತ್ತದೆ. ಅಪಘಾತದ ದಿನದಿಂದ ಬಡ್ಡಿ ಸಲ್ಲಬೇಕು. ಹಳೆಯ ದರದ ಮೊತ್ತ ಬಡ್ಡಿಸಹಿತವಾಗಿಯೂ ತೀರ್ಪಿನ ದಿನದ ದರಕ್ಕಿಂತ ಕಡಿಮೆಯಾದರೆ, ಹೆಚ್ಚಿನದನ್ನೇ ಕೊಡಬೇಕು.

ಇದಕ್ಕೆ ಮುನ್ನವೇ ಸುಪ್ರೀಂ ಕೋರ್ಟು ಎರಡು ದಾರಿಗಲ್ಲುಗಳನ್ನು ನೆಟ್ಟಿತ್ತು. 2008ರಲ್ಲಿ, ರೈಲನ್ನು ಏರಲು ಹೋಗಿ ಬಿದ್ದು ಸತ್ತ ಕೇರಳದ ಮಹಿಳೆಯೊಬ್ಬರ ಪ್ರಕರಣದಲ್ಲಿ, ಇದು ಬಡಜನರ ಹಿತಕ್ಕಾಗಿ ಮಾಡಿದ ಕಾಯಿದೆ, ಇದನ್ನು ಉದಾರವಾಗಿ ಅರ್ಥೈಸಬೇಕೆಂದು ಹೇಳಿತು. 2010ರಲ್ಲಿ, ತೆರೆದ ಬಾಗಿಲಲ್ಲಿ ನಿಂತಿದ್ದು ಬಿದ್ದವನ ಪ್ರಕರಣದಲ್ಲಿ, ಅದು ಅಲಕ್ಷ್ಯವಾದೀತೇ ಹೊರತು ಅಪರಾಧವಾಗದೆಂದು ತೀರ್ಮಾನಿಸಿತು. ಬಾಗಿಲಲ್ಲಿ ನಿಂತ ತಪ್ಪಿಗೆ ಮಕ್ಕಳ ಅನ್ನವನ್ನು ಕಸಿಯಲಾಗದೆಂಬುದು ಇದರ ತಾತ್ಪರ್ಯ. 2018ರ ನಿಯಮವನ್ನು ಸುಪ್ರೀಂ ಕೋರ್ಟು 2023ರಲ್ಲಿಯೂ 2024ರಲ್ಲಿಯೂ ಮತ್ತೆ ಎತ್ತಿಹಿಡಿದಿದೆ.

ಸಂದರ್ಭಗಳೇ ಸಾಕ್ಷಿಯಾದಾಗ

ಹಾಗಾದರೆ ಮೇಲೆ ಕಲ್ಪಿಸಿದ ತರುಣನ ಮನೆಯವರು ಏನನ್ನು ಹೇಳಬಹುದು, ಏನನ್ನು ತೋರಿಸಬಹುದು?

ಟಿಕೆಟ್ಟು ಕೊಳ್ಳುವುದನ್ನು ಕಂಡ ತಮ್ಮನ ಮಾತು ಮೊದಲನೆಯದು. ಯಾವ ದಿನ, ಎಷ್ಟು ಹೊತ್ತಿಗೆ, ಯಾವ ನಿಲ್ದಾಣದಲ್ಲಿ, ಎಲ್ಲಿಯವರೆಗೆ, ಯಾವ ರೈಲಿಗೆ ಟಿಕೆಟ್ಟು ಪಡೆದನೆಂಬುದನ್ನು ಆತ ಪ್ರಮಾಣಪತ್ರದಲ್ಲಿ ಹೇಳಬಹುದು. ಆ ಹೊತ್ತಿನಲ್ಲಿ ಆ ನಿಲ್ದಾಣದಿಂದ ಅಷ್ಟು ದೂರಕ್ಕೆ ಟಿಕೆಟ್ಟುಗಳು ಮಾರಾಟವಾಗಿವೆಯೇ ಎಂಬ ಲೆಕ್ಕ ರೈಲ್ವೆಯ ಗಣಕಯಂತ್ರದಲ್ಲಿಯೇ ಇರುತ್ತದೆ. ಹಣವನ್ನು ಮೊಬೈಲಿನಿಂದ ಪಾವತಿ ಮಾಡಿದ್ದರೆ ಬ್ಯಾಂಕಿನ ಖಾತೆಯಲ್ಲಿ ಗುರುತು ಉಳಿದಿರುತ್ತದೆ. ಟಿಕೆಟ್ಟೇ ಮೊಬೈಲಿನಲ್ಲಿದ್ದರೆ, ಯಂತ್ರ ಒಡೆದರೂ ಅದರ ದಾಖಲೆ ಒಡೆದಿರುವುದಿಲ್ಲ. ಕಾಗದದ ಟಿಕೆಟ್ಟಿಗಿಲ್ಲದ ಒಂದು ಚಿರಾಯುಸ್ಸು ಇದಕ್ಕುಂಟು.

ಸ್ಥಳವೂ ಮಾತನಾಡುತ್ತದೆ. ಹೊಸನಗರದ ಹಳ್ಳಿಯವನೊಬ್ಬ ರಾತ್ರಿ ಹೊತ್ತು ಕುಂಸಿಯ ಕಾಡಿನಲ್ಲಿ, ಊರು ಕೇರಿಗಳಿಲ್ಲದ ಕಡೆ ಹಳಿಯ ಬದಿಯಲ್ಲಿ ಹೇಗೆ ಬಂದ? ರೈಲಿನಿಂದ ಬಿದ್ದನೆಂಬುದರ ಹೊರತು ಬೇರೆ ವಿವರಣೆ ಇದೆಯೇ? ಅದೇ ಶವ ಮನೆಯ ಹಿತ್ತಲಿಗೆ ಹೊಂದಿದ ಹಳಿಯ ಮೇಲೆ ಸಿಕ್ಕಿದ್ದರೆ ಸಂಶಯಕ್ಕೆ ಎಡೆಯಿತ್ತು. ಶವ ಹಳಿಗಳ ನಡುವೆ ಇತ್ತೇ ಬದಿಯಲ್ಲಿ ಇತ್ತೇ, ಗಾಯಗಳು ಬಿದ್ದ ಬಗೆಯವೇ ಗಾಲಿಗೆ ಸಿಕ್ಕಿದ ಬಗೆಯವೇ ಎಂಬುದನ್ನು ಪಂಚನಾಮೆಯೂ ಶವಪರೀಕ್ಷೆಯ ವರದಿಯೂ ಹೇಳುತ್ತವೆ. ಆದರೆ ಬಿದ್ದವನು ಗಾಲಿಗೂ ಸಿಕ್ಕಬಹುದಾದ್ದರಿಂದ ಗಾಯದ ಬಗೆಯೊಂದೇ ನಿರ್ಣಾಯಕವಲ್ಲ.

ಮೂರನೆಯದು ರೈಲ್ವೆಯದೇ ಕಾಗದಪತ್ರಗಳು. ಸ್ಟೇಷನ್ ಮಾಸ್ತರರು ಪೊಲೀಸರಿಗೆ ಕಳಿಸಿದ ಮೊದಲ ತಿಳಿವಳಿಕೆಯಲ್ಲಿ “ರೈಲಿನಿಂದ ಬಿದ್ದು” ಎಂದಿದೆಯೇ “ರೈಲಿಗೆ ಸಿಕ್ಕಿ” ಎಂದಿದೆಯೇ? ರೈಲಿನ ಚಾಲಕನಾಗಲಿ ಗಾರ್ಡನಾಗಲಿ ಏನಾದರೂ ವರದಿ ಮಾಡಿದ್ದಾರೆಯೇ? ಸರಪಣಿ ಎಳೆದು ರೈಲು ನಿಂತಿತ್ತೇ? ಇಂತಹ ಘಟನೆಗಳ ತನಿಖೆಗೆಂದೇ 2003ರಲ್ಲಿ ನಿಯಮಗಳಾಗಿವೆ. ರೈಲ್ವೆ ರಕ್ಷಣಾಪಡೆಯವರು ವಿಚಾರಣೆ ನಡೆಸಿ ವಿಭಾಗದ ಅಧಿಕಾರಿಗಳಿಗೆ ವರದಿ ಒಪ್ಪಿಸಬೇಕು. ತಾಳಗುಪ್ಪದ ದಾರಿ ನೈಋತ್ಯ ರೈಲ್ವೆಯ ಮೈಸೂರು ವಿಭಾಗಕ್ಕೆ ಸೇರಿದ್ದು. ವಿಚಾರಣೆ ತಡವಾಗಿ, ಯಾರನ್ನೂ ಕೇಳದೆ, ಮೇಜಿನ ಮುಂದೆ ಕುಳಿತು ಬರೆದದ್ದಾದರೆ ನ್ಯಾಯಪೀಠ ಅದಕ್ಕೆ ಹೆಚ್ಚಿನ ಬೆಲೆ ಕೊಡಬೇಕಾಗಿಲ್ಲ.

ಇವುಗಳ ಜೊತೆಗೆ ಚಿಕ್ಕಪುಟ್ಟ ಸಂಗತಿಗಳು: ಹೋಟೆಲಿನಲ್ಲಿ ಮರುದಿನ ಹಾಜರಾಗಬೇಕಾಗಿತ್ತೆಂಬ ಮಾಲೀಕನ ಮಾತು, ಸಾಗರಕ್ಕೆ ಬಂದ ಬಸ್ಸಿನ ಚೀಟಿ, ರೈಲು ಹೊರಟ ಮೇಲೆ ಮನೆಗೆ ಮಾಡಿದ ಕರೆಯ ದಾಖಲೆ, ಬೆಂಗಳೂರಿನಲ್ಲಿ ವಾರಸುದಾರರಿಲ್ಲದೆ ಸಿಕ್ಕಿದ ಚೀಲ. ಒಂದೊಂದೇ ನೂಲೆಳೆ ದುರ್ಬಲ, ಹೊಸೆದರೆ ಹಗ್ಗ. ಇಲ್ಲಿ ಬೇಕಾದದ್ದು ಕೊಲೆಯ ಮೊಕದ್ದಮೆಯಲ್ಲಿ ಕೇಳುವಂತಹ ಸಂಶಯಾತೀತವಾದ ರುಜುವಾತಲ್ಲ; ಹೀಗೆ ನಡೆದಿರುವ ಸಂಭವವೇ ಹೆಚ್ಚು ಎಂದು ವಿವೇಕಿಗೆ ತೋರಿದರೆ ಸಾಕು.

ಮನೆಯವರು ಮಾಡಬೇಕಾದದ್ದು

ಸಾವಿನ ಮನೆಯಲ್ಲಿ ಕಾನೂನಿನ ಮಾತು ಕಿವಿಗೆ ಕಠೋರ. ಆದರೂ ಮೊದಲ ಕೆಲವು ದಿನಗಳಲ್ಲಿ ಮಾಡದೆ ಬಿಟ್ಟದ್ದನ್ನು ಆಮೇಲೆ ಸರಿಪಡಿಸುವುದು ಕಷ್ಟ. ಪೊಲೀಸರು ಹೇಳಿಕೆ ಪಡೆಯುವಾಗ ಮನೆಯವರು ದುಃಖದ ಭರದಲ್ಲಿ ಓದದೆಯೇ ರುಜು ಹಾಕುವುದುಂಟು. ಪ್ರಯಾಣದ ಸಂಗತಿ ಆ ಹೇಳಿಕೆಯಲ್ಲಿ ಬಂದಿದೆಯೇ ಎಂದು ನೆಂಟರಲ್ಲಿ ಯಾರಾದರೊಬ್ಬರು ನೋಡಿಕೊಳ್ಳಬೇಕು. ತಿಂಗಳುಗಳ ಮೇಲೆ ವಕೀಲರ ಕಚೇರಿಯಲ್ಲಿ ಮೊದಲ ಬಾರಿಗೆ ನೆನಪಾದ ಟಿಕೆಟ್ಟಿಗಿಂತ, ಮರುದಿನವೇ ಪೊಲೀಸರ ಮುಂದೆ ಹೇಳಿದ ಟಿಕೆಟ್ಟಿಗೆ ಬೆಲೆ ಹೆಚ್ಚು. ಪಂಚನಾಮೆ, ಶವಪರೀಕ್ಷೆಯ ವರದಿ, ಸ್ಟೇಷನ್ ಮಾಸ್ತರರ ತಿಳಿವಳಿಕೆ, ಪೊಲೀಸರ ಅಂತಿಮ ವರದಿ ಇವುಗಳ ನಕಲುಗಳನ್ನು ಪಡೆದಿಟ್ಟುಕೊಳ್ಳಬೇಕು. ಮೊಬೈಲನ್ನು ಮಾರಬಾರದು, ಒಡೆದದ್ದೆಂದು ಎಸೆಯಲೂಬಾರದು.

ಅರ್ಜಿಯನ್ನು ಕೇಳುವುದು ರೈಲ್ವೆ ಹಕ್ಕುಗಳ ನ್ಯಾಯಮಂಡಳಿ. 1987ರ ಕಾಯಿದೆಯಂತೆ 1989ರ ನವೆಂಬರಿನಲ್ಲಿ ಇದು ಸ್ಥಾಪಿತವಾಯಿತು. ಕರ್ನಾಟಕದವರಿಗೆ ಬೆಂಗಳೂರಿನಲ್ಲಿ ಪೀಠವಿದೆ. ಘಟನೆ ನಡೆದ ಒಂದು ವರ್ಷದೊಳಗೆ ಅರ್ಜಿ ಸಲ್ಲಬೇಕು. ತಡವಾದರೆ ತಕ್ಕ ಕಾರಣವನ್ನು ತೋರಿಸಿ ಕ್ಷಮೆ ಬೇಡಬಹುದು. ಆದರೆ ಅದು ಮಂಡಳಿಯ ವಿವೇಚನೆಗೆ ಬಿಟ್ಟದ್ದು. ಅಲ್ಲಿ ಸೋತರೆ 90 ದಿನಗಳೊಳಗೆ ಹೈಕೋರ್ಟಿಗೆ ಹೋಗಬಹುದು. ಗಂಡ, ಹೆಂಡತಿ, ಮಕ್ಕಳು ಅವಲಂಬಿತರೆನಿಸಿಕೊಳ್ಳುತ್ತಾರೆ. ಸತ್ತವನು ಅವಿವಾಹಿತನಾಗಿದ್ದರೆ ತಂದೆತಾಯಿಗಳಿಗೂ ಹಕ್ಕುಂಟು. ಮೃತನ ಸಂಪಾದನೆಯನ್ನೇ ನೆಚ್ಚಿದ್ದ ಮುದಿ ತಂದೆತಾಯಿಗಳು, ಮದುವೆಯಾಗದ ತಂಗಿ, ಚಿಕ್ಕ ತಮ್ಮ ಇವರನ್ನೂ ಕಾಯಿದೆ ಮರೆತಿಲ್ಲ.

ಬೆಂಗಳೂರಿನವರೆಗೆ ಅಲೆಯುವ ಶಕ್ತಿಯಿಲ್ಲವೆಂದು ಕೈಚೆಲ್ಲುವವರು ಅನೇಕರು. ಅಂತಹವರಿಗೆ ಕಾನೂನು ಸೇವೆಗಳ ಸಮಿತಿಗಳು ತಾಲ್ಲೂಕು ಮಟ್ಟದಲ್ಲಿಯೂ ಇವೆ. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯಿದೆಯ ಮೇರೆಗೆ ಸ್ತ್ರೀಯರೆಲ್ಲರೂ, ಪರಿಶಿಷ್ಟ ಜಾತಿ ಪಂಗಡದವರೂ ಉಚಿತ ಕಾನೂನು ನೆರವಿಗೆ ಅರ್ಹರು; ವಿಧವೆಯಾದ ಹೆಣ್ಣುಮಗಳು ತನ್ನ ಆದಾಯವೆಷ್ಟೆಂದು ಹೇಳಬೇಕಾದದ್ದೂ ಇಲ್ಲ. ಬಂದ ಹಣದಲ್ಲಿ ಅರ್ಧ ತನಗೆ ಎಂದು ಮನೆಬಾಗಿಲಿಗೆ ಬರುವ ದಲ್ಲಾಳಿಯ ಮಾತಿಗೆ ಮರುಳಾಗುವುದಕ್ಕಿಂತ ಆ ಕಚೇರಿಯ ಮೆಟ್ಟಿಲೇರುವುದು ಮೇಲು.

ಇನ್ನು ಸುಖವಾಗಿ ಪ್ರಯಾಣ ಮಾಡುವವರಿಗೂ ಈ ವಿಚಾರದಿಂದ ಒಂದು ಪಾಠವಿದೆ. ಹತ್ತಿರದ ಊರಿಗೆಂದು ಟಿಕೆಟ್ಟು ಕೊಳ್ಳದೆ ಹತ್ತುವವರು ಉಳಿಸುವುದು ಕೆಲವೇ ರೂಪಾಯಿ. ಪಣಕ್ಕೆ ಒಡ್ಡುವುದು ಮನೆಯವರ ಹಕ್ಕನ್ನು. ಟಿಕೆಟ್ಟು ಕೊಂಡೊಡನೆ ಅದರ ಚಿತ್ರವೊಂದನ್ನು ಮೊಬೈಲಿನಲ್ಲಿ ತೆಗೆದು ಮನೆಗೆ ಕಳಿಸುವುದು ಅರೆನಿಮಿಷದ ಕೆಲಸ. ಜೇಬಿನ ಚೀಟಿ ಕಾಡಿನಲ್ಲಿ ಕಳೆದುಹೋದರೂ ಮನೆಯಲ್ಲಿ ಅದರ ಪ್ರತಿ ಉಳಿದಿರುತ್ತದೆ. ಸಾಮಾನ್ಯ ಬೋಗಿಯ ಮಗನಿಗೆ, ಹಾಸ್ಟೆಲಿಗೆ ಹೊರಟ ಮಗಳಿಗೆ ತಾಯಂದಿರು ಬುತ್ತಿ ಕಟ್ಟಿಕೊಡುವಾಗ ಇದನ್ನೂ ಒಂದು ಮಾತು ಹೇಳಬಹುದು.

ಕಾನೂನು ಉದಾರವಾಗಿದೆ, ಅದನ್ನು ನಡೆಸುವ ಕೈಗಳೂ ಅಷ್ಟೇ ಉದಾರವಾಗಬೇಕು. 8 ಲಕ್ಷ ರೂಪಾಯಿ ಹೋದ ಜೀವಕ್ಕೆ ಬೆಲೆಯಲ್ಲ. ಉಳಿದ ಜೀವಗಳಿಗೆ ಆಸರೆ. ಆ ಆಸರೆ ಹದಿನಾರು ವರ್ಷ ತಡವಾಗಿ ಬಂದರೆ, ಅಷ್ಟರಲ್ಲಿ ಶಾಲೆ ಬಿಟ್ಟ ಮಗುವಿಗೆ ಅದರಿಂದ ಬಾಲ್ಯ ಮರಳಿ ಬಾರದು. ಟಿಕೆಟ್ಟು ಎಲ್ಲಿ ಎಂದು ಕೇಳುವ ಹಕ್ಕು ರೈಲ್ವೆಗೆ ಇದೆ. ಅದು ಕಳೆದುಹೋಯಿತೆಂದು ಹೇಳುವ ಹೆಣ್ಣುಮಗಳ ಮಾತನ್ನು ಸಾವಧಾನದಿಂದ ಕೇಳುವ ಹೊಣೆಯೂ ಅದಕ್ಕಿದೆ.